ಮಗುವಿನ ತೋಳಿಗೆ ಒಂದು ಪಟ್ಟಿ



ವಿಜಯಪುರ ಜಿಲ್ಲೆಯ ಇಂಡಿ ತಾಲ್ಲೂಕಿನಲ್ಲಿ, ಭೀಮಾ ನದಿಯ ದಂಡೆಯಲ್ಲಿರುವ ಅಗರಖೇಡವನ್ನು ನಿಮ್ಮಲ್ಲಿ ಕೆಲವರಾದರೂ ಬಲ್ಲಿರಿ. ಅಗರಖೇಡದಂಥ ಹೊಳೆದಂಡೆಯ ಊರುಗಳಲ್ಲಿ ಮಳೆಗಾಲ ಬಂದರೆ ಮಕ್ಕಳ ಕೈಕಾಲುಗಳಲ್ಲಿ ಹುಣ್ಣುಗಳೇಳುವುದು ಸಾಮಾನ್ಯ. ಸೊಳ್ಳೆ ಕಚ್ಚಿದ್ದನ್ನು ಕೆರೆದುಕೊಂಡು ಆದ ಗಾಯ, ಕಜ್ಜಿ, ಕೀವು. ಅರಿಷಿಣ ಹಚ್ಚಿದರೆ ಒಣಗುತ್ತದೆ, ಮಗು ಮತ್ತೆ ಆಟಕ್ಕೆ ಓಡುತ್ತದೆ. ಆದರೆ ಕೆಲವು ಮಕ್ಕಳಲ್ಲಿ ಕತೆ ಅಲ್ಲಿಗೆ ಮುಗಿಯುವುದಿಲ್ಲ. ಮೂರು ನಾಲ್ಕು ವಾರಗಳ ಮೇಲೆ, ಗಾಯದ ನೆನಪೇ ಮಾಸಿಹೋದ ಹೊತ್ತಿನಲ್ಲಿ, ಮಗು ಬೆಳಗ್ಗೆ ಏಳುವಾಗ ಕಣ್ಣಿನ ರೆಪ್ಪೆಗಳು ಬಾತಿರುತ್ತವೆ. ಮೂತ್ರ ಹಾಲಿಲ್ಲದ ಚಹಾದ ಬಣ್ಣಕ್ಕೆ ತಿರುಗಿರುತ್ತದೆ. ಮನೆಯ ಹಿರಿಯರು ದೃಷ್ಟಿ ತೆಗೆಯುತ್ತಾರೆ, ಉಷ್ಣವಾಗಿದೆಯೆಂದು ತಂಪು ಕುಡಿಸುತ್ತಾರೆ. ಆ ಬಳಿಕ ತಲೆನೋವು, ವಾಂತಿ. ಒಮ್ಮೊಮ್ಮೆ, ಯಾರೂ ನಿರೀಕ್ಷಿಸದ ಗಳಿಗೆಯಲ್ಲಿ, ಫಿಟ್ಸ್.

ಇಲ್ಲಿ ಜೀವಕ್ಕೆ ಅಪಾಯವನ್ನು ತರುವುದು ಕಣ್ಣಿಗೆ ಕಾಣುವ ಬಾವು ಮಾತ್ರವಲ್ಲ. ಕಣ್ಣಿಗೆ ಕಾಣದ ರಕ್ತದೊತ್ತಡ. ಗಾಯದಲ್ಲಿದ್ದ ಸ್ಟ್ರೆಪ್ಟೋಕಾಕಸ್ ಎಂಬ ರೋಗಾಣುವಿನ ವಿರುದ್ಧ ದೇಹ ಹೂಡಿದ ಹೋರಾಟದ ಅವಶೇಷಗಳು ಮೂತ್ರಪಿಂಡದ ಸೂಕ್ಷ್ಮ ಜರಡಿಗಳಲ್ಲಿ ಸಿಕ್ಕಿಕೊಳ್ಳುತ್ತವೆ. ಜರಡಿ ಊದಿಕೊಂಡು ಉಪ್ಪು ಮತ್ತು ನೀರು ಹೊರಹೋಗದೆ ನಿಲ್ಲುತ್ತವೆ. ರಕ್ತನಾಳಗಳೊಳಗೆ ಒತ್ತಡ ಏರುತ್ತದೆ. ಸಕಾಲದಲ್ಲಿ ಗುರುತಿಸಿದರೆ ಇಂಥ ಮಕ್ಕಳಲ್ಲಿ ಬಹುಪಾಲು ಕೆಲವೇ ವಾರಗಳಲ್ಲಿ ಪೂರ್ಣ ಗುಣ ಹೊಂದುತ್ತಾರೆ. ಗುರುತಿಸಲು ಬೇಕಾದುದು ಮಗುವಿನ ತೋಳಿಗೆ ಕಟ್ಟುವ ಒಂದು ಪಟ್ಟಿ, ಅಷ್ಟೇ. ಆದರೂ "ಸಣ್ಣ ಕೂಸಿಗೆ ಎಲ್ಲಿಯ ಬಿ.ಪಿ.?" ಎಂಬ ಮಾತನ್ನು ನಾವೆಲ್ಲರೂ ಕೇಳಿದ್ದೇವೆ, ಬಹುಶಃ ಆಡಿಯೂ ಇದ್ದೇವೆ. ಈ ತಪ್ಪು ನಂಬಿಕೆ ಹಳ್ಳಿಯದು ಮಾತ್ರವಲ್ಲ. ವೈದ್ಯಶಾಸ್ತ್ರವೇ ಸುಮಾರು ಮುಕ್ಕಾಲು ಶತಮಾನ ಕಾಲ ಹೀಗೆಯೇ ಭಾವಿಸಿತ್ತು. ಆ ಚರಿತ್ರೆಯನ್ನು ನಿಮ್ಮ ಮುಂದಿಡುವುದೇ ಈ ಲೇಖನದ ಉದ್ದೇಶ.

ರಕ್ತಕ್ಕೆ ಒತ್ತಡವಿದೆ, ಅದನ್ನು ಅಳೆಯಬಹುದು ಎಂದು ಮೊದಲು ತೋರಿಸಿದವರು ವೈದ್ಯರಲ್ಲ, ಒಬ್ಬ ಪಾದ್ರಿ. ಇಂಗ್ಲೆಂಡಿನ ಟೆಡಿಂಗ್ಟನ್ ಎಂಬ ಊರಿನಲ್ಲಿ 1709ರಿಂದ ಸಭಾಪಾಲಕರಾಗಿದ್ದ ಸ್ಟೀಫನ್ ಹೇಲ್ಸ್ ಅವರು ಗಿಡಗಳಲ್ಲಿ ರಸ ಹೇಗೆ ಏರುತ್ತದೆಂದು ಪರೀಕ್ಷಿಸುತ್ತಿದ್ದವರು. ಅದೇ ಕುತೂಹಲದಿಂದ ಪ್ರಾಣಿಗಳ ರಕ್ತದ ಕಡೆಗೂ ತಿರುಗಿದರು. ಕೆಲಸಕ್ಕೆ ಬಾರದೆಂದು ಕೊಲ್ಲಲಿಟ್ಟಿದ್ದ ಒಂದು ಹೆಣ್ಣು ಕುದುರೆಯನ್ನು ಮಲಗಿಸಿ ಕಟ್ಟಿ, ಅದರ ತೊಡೆಯ ಅಪಧಮನಿಗೆ ಹಿತ್ತಾಳೆಯ ಕೊಳವೆಯನ್ನೂ ಅದಕ್ಕೊಂದು ಉದ್ದನೆಯ ಗಾಜಿನ ನಳಿಗೆಯನ್ನೂ ಜೋಡಿಸಿದರು. ರಕ್ತ 8 ಅಡಿ 3 ಅಂಗುಲ ಎತ್ತರಕ್ಕೆ ಏರಿ, ಹೃದಯದ ಬಡಿತಕ್ಕೆ ತಕ್ಕಂತೆ ಏರಿಳಿಯುತ್ತ ನಿಂತಿತು. ಈ ಪ್ರಯೋಗಗಳನ್ನು 1733ರಲ್ಲಿ ಅವರು ಗ್ರಂಥವಾಗಿ ಪ್ರಕಟಿಸಿದರು. ಇಂದಿನ ಓದುಗನಿಗೆ ಈ ಪ್ರಯೋಗ ಕ್ರೂರವೆನಿಸದೆ ಇರದು. ಅವರ ಕಾಲದಲ್ಲಿಯೂ ಕೆಲವರಿಗೆ ಹಾಗೆನಿಸಿತ್ತು. ಆದರೆ ಸೆರೆಮನೆಗಳಿಗೂ ಹಡಗುಗಳಿಗೂ ಶುದ್ಧ ಗಾಳಿ ಒದಗಿಸುವ ಯಂತ್ರವನ್ನು ರೂಪಿಸಿ ಅನೇಕರ ಪ್ರಾಣ ಉಳಿಸಿದವರೂ ಇವರೇ ಎಂಬುದನ್ನು ನೆನೆಯಬೇಕು.

ಅಪಧಮನಿಯನ್ನು ಕೊಯ್ದು ನೋಡುವ ಈ ವಿಧಾನ ಮನುಷ್ಯರಿಗೆ ಒದಗುವಂಥದಲ್ಲ. ಆದ್ದರಿಂದ ಮುಂದಿನ ಒಂದೂವರೆ ಶತಮಾನ ಕಾಲ ವೈದ್ಯರು ನಾಡಿಯನ್ನು ಬೆರಳಿನಿಂದ ಮುಟ್ಟಿಯೇ ಒತ್ತಡವನ್ನು ಊಹಿಸಿದರು. ಲಂಡನ್ನಿನ ಗೈಸ್ ಆಸ್ಪತ್ರೆಯ ರಿಚರ್ಡ್ ಬ್ರೈಟ್ 1827ರಿಂದ ಮುಂದಕ್ಕೆ ಮೂತ್ರಪಿಂಡದ ರೋಗವನ್ನು ವಿವರವಾಗಿ ಬರೆದಿಟ್ಟಾಗ, ಅಂಥ ರೋಗಿಗಳ ನಾಡಿ ಗಡುಸಾಗಿರುವುದನ್ನೂ ಹೃದಯ ಹಿಗ್ಗಿರುವುದನ್ನೂ ಗಮನಿಸಿದರು. ಮಕ್ಕಳಲ್ಲಿ ಈ ರೋಗ ಹೆಚ್ಚಾಗಿ ಸ್ಕಾರ್ಲೆಟ್ ಜ್ವರದ ಬೆನ್ನಿಗೆ ಬರುತ್ತದೆಂಬುದೂ ಆಗಲೇ ತಿಳಿದಿತ್ತು.

ಈಗ ನಮ್ಮ ದೇಶಕ್ಕೆ ಸಂಬಂಧಿಸಿದ ಒಂದು ಹೆಸರು. ಪಾಟ್ನಾದಲ್ಲಿ 1759ರಲ್ಲಿ ಹುಟ್ಟಿ ಇಂಗ್ಲೆಂಡಿಗೆ ಹೋಗಿ ನೆಲೆಸಿ, 1810ರಲ್ಲಿ ಲಂಡನ್ನಿನಲ್ಲಿ ಭಾರತೀಯ ಊಟದ ಮನೆ ತೆರೆದ ಶೇಖ್ ದೀನ್ ಮಹಮ್ಮದನ ಹೆಸರನ್ನು ಇತಿಹಾಸಪ್ರಿಯರು ಕೇಳಿರಬಹುದು. ಅವನ ಮೊಮ್ಮಗ ಫ್ರೆಡರಿಕ್ ಅಕ್ಬರ್ ಮಹಮ್ಮದ್ 1849ರಲ್ಲಿ ಬ್ರೈಟನ್ನಿನಲ್ಲಿ ಹುಟ್ಟಿದರು. ಗೈಸ್ ಆಸ್ಪತ್ರೆಯಲ್ಲಿ ವಿದ್ಯಾರ್ಥಿಯಾಗಿದ್ದಾಗಲೇ, ನಾಡಿಯ ಮಿಡಿತವನ್ನು ಕಾಗದದ ಮೇಲೆ ಗೆರೆಯಾಗಿ ಬರೆಯುವ ಉಪಕರಣವನ್ನು ಸುಧಾರಿಸಿದರು. ಅನಂತರ ಲಂಡನ್ನಿನ ಜ್ವರದ ಆಸ್ಪತ್ರೆಯಲ್ಲಿ ಸ್ಕಾರ್ಲೆಟ್ ಜ್ವರದಿಂದ ಚೇತರಿಸಿಕೊಳ್ಳುತ್ತಿದ್ದವರ ಕೈಗೆ ಆ ಉಪಕರಣವನ್ನು ಕಟ್ಟಿ ದಿನದಿನವೂ ನೋಡಿದರು. ಆ ಜ್ವರ ಮುಖ್ಯವಾಗಿ ಮಕ್ಕಳದ್ದೇ. ಮೂತ್ರದಲ್ಲಿ ಯಾವ ದೋಷವೂ ಕಾಣಿಸಿಕೊಳ್ಳುವ ಮೊದಲೇ ನಾಡಿಯ ಒತ್ತಡ ಏರಿರುವುದನ್ನು ಕಂಡು 1874ರಲ್ಲಿ ಪ್ರಕಟಿಸಿದರು. ಎಂದರೆ, ಒತ್ತಡವು ರೋಗದ ಕೊನೆಯ ಗುರುತಲ್ಲ, ಮೊದಲ ಗುರುತು! ಸ್ಕಾರ್ಲೆಟ್ ಜ್ವರಕ್ಕೂ ಕಾರಣ ಅದೇ ಸ್ಟ್ರೆಪ್ಟೋಕಾಕಸ್. ಅಂದಿನ ಲಂಡನ್ನಿನ ಹಾಸಿಗೆಯಲ್ಲಿ ಮಲಗಿದ್ದ ಮಗುವಿಗೂ ಇಂದು ಭೀಮೆಯ ದಂಡೆಯಲ್ಲಿ ಕಾಲಿನ ಹುಣ್ಣಿನಿಂದ ನರಳುವ ಮಗುವಿಗೂ ಆದದ್ದು ಹೆಚ್ಚುಕಡಿಮೆ ಒಂದೇ. ಮೂತ್ರಪಿಂಡ ಸ್ವಸ್ಥವಾಗಿದ್ದರೂ ಒತ್ತಡ ಏರಿರುವ ಜನರಿದ್ದಾರೆ ಎಂಬುದನ್ನೂ ಮಹಮ್ಮದರು ಕಂಡುಕೊಂಡಿದ್ದರು. ಆದರೆ 1884ರಲ್ಲಿ, ಇನ್ನೂ 35ರ ಪ್ರಾಯದಲ್ಲಿ, ವಿಷಮಶೀತ ಜ್ವರಕ್ಕೆ ತುತ್ತಾದರು. ಅವರ ಕೆಲಸವನ್ನು ಲೋಕ ಬಹುಕಾಲ ಮರೆತಿತು.

ತೋಳಿಗೆ ಪಟ್ಟಿ ಕಟ್ಟಿ ಗಾಳಿ ತುಂಬಿ, ಪಾದರಸದ ಕಂಬದ ಮೇಲೆ ಒತ್ತಡವನ್ನು ಓದುವ ಸರಳ ಉಪಕರಣವನ್ನು 1896ರಲ್ಲಿ ಇಟಲಿಯ ಟ್ಯೂರಿನ್ ನಗರದಲ್ಲಿ ಸಿಪಿಯೋನೆ ರಿವಾ ರೋಚಿ ಎಂಬ ವೈದ್ಯರು ರೂಪಿಸಿದರು. ಪಟ್ಟಿಯೊಳಗೆ ಅವರು ಬಳಸಿದ್ದು ಸೈಕಲ್ಲಿನ ಟ್ಯೂಬು. 1905ರಲ್ಲಿ ರಷ್ಯಾದ ಸೇಂಟ್ ಪೀಟರ್ಸ್‌ಬರ್ಗಿನಲ್ಲಿ ನಿಕೊಲಾಯ್ ಕೊರೊಟ್ಕೊಫ್ ಎಂಬ ಸೇನಾ ವೈದ್ಯರು, ಪಟ್ಟಿಯ ಕೆಳಗೆ ಸ್ಟೆತಾಸ್ಕೋಪ್ ಇಟ್ಟು ಕೇಳಿದರೆ ಮೇಲಿನ ಅಂಕಿಯನ್ನೂ ಕೆಳಗಿನ ಅಂಕಿಯನ್ನೂ ಶಬ್ದದಿಂದಲೇ ತಿಳಿಯಬಹುದೆಂದು ತೋರಿಸಿದರು. ಇಂದಿಗೂ ವೈದ್ಯರು ಕಿವಿಗೊಟ್ಟು ಕೇಳುವುದು ಆ ಶಬ್ದವನ್ನೇ.

ಇಲ್ಲಿ ಓದುಗರು ಒಂದು ಸಣ್ಣ ಸಂಗತಿಯನ್ನು ಗಮನಿಸಬೇಕು. ಇಡೀ ಲೇಖನದ ಭಾರ ಅದರ ಮೇಲಿದೆ. ರಿವಾ ರೋಚಿಯವರ ಪಟ್ಟಿ ತೀರ ಕಿರಿದು, ಸುಮಾರು 5 ಸೆಂಟಿಮೀಟರ್. ಕಿರಿದಾದ ಪಟ್ಟಿ ದಪ್ಪ ತೋಳಿನಲ್ಲಿ ಇಲ್ಲದ ಒತ್ತಡವನ್ನು ತೋರಿಸುತ್ತದೆ ಎಂದು 1901ರಲ್ಲಿ ಜರ್ಮನಿಯ ಫಾನ್ ರೆಕ್ಲಿಂಗ್‌ಹೌಸೆನ್ ಎಚ್ಚರಿಸಿದರು, ಪಟ್ಟಿ ಅಗಲವಾಯಿತು. ಅಗಲವಾದದ್ದು ದೊಡ್ಡವರ ತೋಳಿಗೆ. ಆ ಅಗಲ ಪಟ್ಟಿಯನ್ನು ಐದು ವರ್ಷದ ಮಗುವಿನ ತೋಳಿಗೆ ಸುತ್ತಿದರೆ ತಪ್ಪು ಹಿಮ್ಮುಖವಾಗುತ್ತದೆ: ಇರುವ ಒತ್ತಡ ಕಡಿಮೆಯಾಗಿ ಕಾಣುತ್ತದೆ. ರೋಗವಿದ್ದರೂ "ಎಲ್ಲ ಸರಿಯಿದೆ" ಎಂಬ ಉತ್ತರ ಬರುತ್ತದೆ. ಪಟ್ಟಿಯೊಳಗಿನ ಗಾಳಿಚೀಲದ ಅಗಲ ತೋಳಿನ ಸುತ್ತಳತೆಯ ಶೇಕಡಾ 40ರಷ್ಟಾದರೂ ಇರಬೇಕು, ಉದ್ದ ಶೇಕಡಾ 80ರಿಂದ 100ರಷ್ಟನ್ನು ಆವರಿಸಬೇಕು ಎಂಬುದು ಇಂದಿನ ನಿಯಮ. ಒಂದೇ ಪಟ್ಟಿಯಿಂದ ಊರಿನವರೆಲ್ಲರನ್ನೂ ಅಳೆಯುವ ದವಾಖಾನೆಯಲ್ಲಿ ಮಗುವಿನ ಅಳತೆ ಅಳತೆಯೇ ಅಲ್ಲ.

ಸರಿಯಾಗಿ ಅಳೆದರೂ ಪ್ರಶ್ನೆ ಮುಗಿಯಲಿಲ್ಲ. ಮಗುವಿಗೆ ಎಷ್ಟು ಇದ್ದರೆ ಹೆಚ್ಚು? ದೊಡ್ಡವರಿಗಾದರೆ ಒಂದು ಗಡಿಯಂಕಿ ಸಾಕು. ಮಗು ಬೆಳೆಯುತ್ತದೆ, ಬೆಳೆದಂತೆ ಒತ್ತಡವೂ ತಾನಾಗಿ ಏರುತ್ತದೆ. ಎತ್ತರದ ಮಗುವಿಗೂ ಗಿಡ್ಡ ಮಗುವಿಗೂ ವ್ಯತ್ಯಾಸವುಂಟು. ಆದ್ದರಿಂದ ಸಹಸ್ರಾರು ಆರೋಗ್ಯವಂತ ಮಕ್ಕಳನ್ನು ಅಳೆದು, ಆ ಸಾಲಿನಲ್ಲಿ ಈ ಮಗು ಎಲ್ಲಿ ನಿಲ್ಲುತ್ತದೆಂದು ನೋಡಬೇಕು. ಈ ಕೆಲಸಕ್ಕೆ ಬಹುಕಾಲ ಸಾಕಷ್ಟು ಗಮನ ದೊರೆತಿರಲಿಲ್ಲ. 1970ರ ದಶಕದಲ್ಲಿ ಅಮೆರಿಕದ ಮಸ್ಕಟೈನ್, ಬೊಗಲೂಸಾ ಎಂಬ ಸಣ್ಣ ಊರುಗಳಲ್ಲಿ ಶಾಲಾ ಮಕ್ಕಳ ಅಳತೆ ಆರಂಭವಾಯಿತು. 1977ರಲ್ಲಿ ಅಲ್ಲಿನ ತಜ್ಞರ ಮಂಡಳಿ ಮಕ್ಕಳಿಗಾಗಿ ಮೊದಲ ಕೋಷ್ಟಕವನ್ನು ಹೊರತಂದಿತು. 1987ರಲ್ಲಿ 70,000ಕ್ಕೂ ಹೆಚ್ಚು ಮಕ್ಕಳ ಅಳತೆಯ ಆಧಾರದಿಂದ ಅದನ್ನು ತಿದ್ದಲಾಯಿತು; 1996ರಲ್ಲಿ ಎತ್ತರ ಸೇರಿತು; 2004ರಲ್ಲಿಯೂ 2017ರಲ್ಲಿಯೂ ಮತ್ತೆ ಪರಿಷ್ಕರಣವಾಯಿತು. ನಮ್ಮ ದೇಶದ ಮಕ್ಕಳ ಮೂತ್ರಪಿಂಡ ತಜ್ಞರು ಒಟ್ಟುಗೂಡಿ, ಮಕ್ಕಳ ರಕ್ತದೊತ್ತಡದ ಪರೀಕ್ಷೆ ಮತ್ತು ಚಿಕಿತ್ಸೆಯ ಬಗ್ಗೆ ಭಾರತೀಯ ವೈದ್ಯರಿಗೆ ಮಾರ್ಗಸೂಚಿ ಪ್ರಕಟಿಸಿದ್ದು 2007ರಲ್ಲಿ. ಹೇಲ್ಸ್ ಪಾದ್ರಿಗಳ ಗ್ರಂಥಕ್ಕೂ ಈ ಮಾರ್ಗಸೂಚಿಗೂ ನಡುವೆ 274 ವರ್ಷ!

ಒಂದು ಉದಾಹರಣೆ ಸಾಕು. ನಿಮಗೂ ನನಗೂ 120/80 ಎಂದರೆ ನಿಶ್ಚಿಂತೆ. 2017ರ ಕೋಷ್ಟಕದ ಪ್ರಕಾರ ಐದು ವರ್ಷದ ಗಂಡುಮಗುವಿಗೆ 103/63, ಹತ್ತು ವರ್ಷದವನಿಗೆ 108/72 ಮುಟ್ಟಿದರೇ ಹೆಚ್ಚಿನ ಪರೀಕ್ಷೆ ಬೇಕು. 120/80 ಎಂದು ಕೇಳಿ ಸಂತೋಷಪಟ್ಟು ಮನೆಗೆ ಮರಳಿದ ಐದು ವರ್ಷದ ಮಗುವಿನ ತಂದೆತಾಯಿಗಳಿಗೆ ತಾವು ಮೋಸಹೋದದ್ದು ತಿಳಿಯುವುದೇ ಇಲ್ಲ.

ಕೋಷ್ಟಕಗಳೆಲ್ಲ ಹೊರದೇಶದವು, ನಮ್ಮ ನೆಲದಲ್ಲಿ ಮಕ್ಕಳನ್ನು ಅಳೆದ ಚರಿತ್ರೆ ಇಲ್ಲವೇ ಎಂದು ನೀವು ಕೇಳಬಹುದು. ಇದೆ, ಮತ್ತು ಅದು ನಮ್ಮ ರಾಜ್ಯದಲ್ಲಿಯೇ, ಒಂದು ಮಿಷನ್ ಆಸ್ಪತ್ರೆಯ ಹೆರಿಗೆ ಕೋಣೆಯಲ್ಲಿ ಹುಟ್ಟಿತು. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ವೆಸ್ಲಿಯನ್ ಮೆಥಡಿಸ್ಟ್ ಮಿಷನ್ನಿನವರು ಮೈಸೂರಿನಲ್ಲಿ ಹೆಂಗಸರಿಗೂ ಮಕ್ಕಳಿಗೂ ಒಂದು ಆಸ್ಪತ್ರೆಯನ್ನು ತೆರೆದರು. ಮಿಷನರಿಯೊಬ್ಬರ ಪತ್ನಿ ಮೇರಿ ಹೋಲ್ಡ್ಸ್‌ವರ್ತ್ ಅವರ ನೆನಪಿನಲ್ಲಿ ಅದಕ್ಕೆ ಹೋಲ್ಡ್ಸ್‌ವರ್ತ್ ಸ್ಮಾರಕ ಆಸ್ಪತ್ರೆಯೆಂದು ಹೆಸರಾಯಿತು. ಮೈಸೂರಿನವರ ಬಾಯಲ್ಲಿ ಅದು ಇಂದಿಗೂ ಮಿಷನ್ ಆಸ್ಪತ್ರೆ. ಅಲ್ಲಿ 1934ರಿಂದ ಹುಟ್ಟಿದ ಪ್ರತಿಯೊಂದು ಕೂಸಿನ ತೂಕ, ಉದ್ದ, ತಲೆಯ ಸುತ್ತಳತೆಗಳನ್ನು ದಾಖಲೆ ಪುಸ್ತಕದಲ್ಲಿ ಬರೆದಿಡುವ ಕ್ರಮವಿತ್ತು. ಏತಕ್ಕೆಂದು ಕೇಳಿದ್ದರೆ ಆ ಶುಶ್ರೂಷಕಿಯರು ಏನು ಹೇಳುತ್ತಿದ್ದರೋ! ಹೆರಿಗೆಯ ಸರದಿ, ಅಳುವ ಕೂಸುಗಳು, ರಾತ್ರಿಪಾಳಿ. ಇವೆಲ್ಲದರ ನಡುವೆ ಅಳತೆಪಟ್ಟಿ ಹಿಡಿದು ಅಂಕಿ ಬರೆಯುವುದು ಯಾರೂ ಹೊಗಳದ ಕೆಲಸ.

ಅರ್ಧ ಶತಮಾನ ಕಳೆಯಿತು. ಇಂಗ್ಲೆಂಡಿನ ಡೇವಿಡ್ ಬಾರ್ಕರ್ ಎಂಬ ವೈದ್ಯರು, ಹುಟ್ಟುವಾಗ ಕಡಿಮೆ ತೂಕವಿದ್ದವರಿಗೆ ಮುಂದೆ ಹೃದ್ರೋಗ ಹೆಚ್ಚು ಎಂಬ ವಿಚಾರವನ್ನು 1980ರ ದಶಕದ ಕೊನೆಯಲ್ಲಿ ಮುಂದಿಟ್ಟಾಗ, ಇದು ಭಾರತದಲ್ಲಿಯೂ ನಿಜವೇ ಎಂದು ನೋಡಲು ಹಳೆಯ ಜನನ ದಾಖಲೆಗಳು ಬೇಕಾದವು. ಅವು ಮೈಸೂರಿನ ಮಿಷನ್ ಆಸ್ಪತ್ರೆಯಲ್ಲಿ ಸುರಕ್ಷಿತವಾಗಿದ್ದವು. ಇಂಗ್ಲೆಂಡಿನ ಕ್ಯಾರೊಲಿನ್ ಫಾಲ್ ಮತ್ತು ಮೈಸೂರಿನ ವೈದ್ಯರು ಕೂಡಿ, ಆ ಪುಸ್ತಕಗಳಲ್ಲಿ ಕೂಸುಗಳಾಗಿದ್ದವರನ್ನು, ಈಗ ನಡುವಯಸ್ಸಿನವರನ್ನು, ಆಸ್ಪತ್ರೆಯ ಸುತ್ತಮುತ್ತ ಹುಡುಕಿ ಗುರುತಿಸಿದರು. ಐನೂರಕ್ಕೂ ಹೆಚ್ಚು ಜನರ ಪರೀಕ್ಷೆಯ ಫಲಿತಾಂಶ 1996ರಲ್ಲಿ ಪ್ರಕಟವಾಯಿತು: ಚಿಕ್ಕದಾಗಿ ಹುಟ್ಟಿದವರಲ್ಲಿ ಹೃದಯದ ರಕ್ತನಾಳಗಳ ರೋಗ ಹೆಚ್ಚಾಗಿತ್ತು.

ರಕ್ತದೊತ್ತಡದ ಮಾತೇನು? ಅಲ್ಲಿ ಉತ್ತರ ನಿರೀಕ್ಷಿಸಿದಂತೆ ಬರಲಿಲ್ಲ. 2000ದಲ್ಲಿ ಪ್ರಕಟವಾದ ಮೈಸೂರಿನ ಅಧ್ಯಯನದಲ್ಲಿ, ಹುಟ್ಟುವಾಗಿನ ಸಣ್ಣ ಗಾತ್ರಕ್ಕೂ ದೊಡ್ಡವರಾದ ಮೇಲಿನ ರಕ್ತದೊತ್ತಡಕ್ಕೂ ಸಂಬಂಧ ಕಾಣಿಸಲಿಲ್ಲ. ಪಶ್ಚಿಮ ದೇಶಗಳಲ್ಲಿ ಕಂಡದ್ದು ಇಲ್ಲಿ ಕಾಣಲಿಲ್ಲವೆಂದು ಅವರು ಮರೆಮಾಚದೆ ಬರೆದರು. ಇದನ್ನು ನಾನು ಆ ಅಧ್ಯಯನದ ಸೋಲೆಂದು ಎಣಿಸುವುದಿಲ್ಲ. ಹೊರಗಿನ ಅಳತೆಗೋಲನ್ನು ಹಾಗೆಯೇ ತಂದು ನಮ್ಮ ಮಕ್ಕಳ ಮೇಲೆ ಹೊರಿಸಬಾರದೆಂಬುದಕ್ಕೆ ಇದಕ್ಕಿಂತ ಒಳ್ಳೆಯ ಸಾಕ್ಷಿ ಬೇಕೇ?

ಅದೇ ಆಸ್ಪತ್ರೆಯಲ್ಲಿ 1997-98ರಲ್ಲಿ ಮತ್ತೊಂದು ಕೆಲಸ ಆರಂಭವಾಯಿತು. ಸುಮಾರು ಎಂಟುನೂರು ಗರ್ಭಿಣಿಯರ ರಕ್ತದ ಸಕ್ಕರೆಯನ್ನು ಪರೀಕ್ಷಿಸಿ, ಅವರಿಗೆ ಹುಟ್ಟಿದ ಮಕ್ಕಳನ್ನು ವರ್ಷ ವರ್ಷವೂ ಕರೆದು ಅಳೆಯಲಾಯಿತು. ತಾಯಂದಿರಲ್ಲಿ ಶೇಕಡಾ 6ರಷ್ಟು ಜನರಿಗೆ ಬಸುರಿನಲ್ಲಿ ಸಕ್ಕರೆ ಕಾಯಿಲೆಯಿತ್ತು. ಡಾ. ಜಿ. ವಿ. ಕೃಷ್ಣವೇಣಿ ಮತ್ತು ಸಂಗಡಿಗರು 2010ರಲ್ಲಿ ತಿಳಿಸಿದಂತೆ, ಆ ತಾಯಂದಿರ ಹೆಣ್ಣುಮಕ್ಕಳಲ್ಲಿ ಒಂಬತ್ತೂವರೆ ವರ್ಷಕ್ಕೇ ಮೈಯಲ್ಲಿ ಕೊಬ್ಬು ಹೆಚ್ಚಾಗಿತ್ತು, ರಕ್ತದೊತ್ತಡದ ಮೇಲಿನ ಅಂಕಿಯೂ ಇತರ ಮಕ್ಕಳಿಗಿಂತ ಏರಿತ್ತು. ಆ ಮಕ್ಕಳು ರೋಗಿಗಳಾಗಿರಲಿಲ್ಲ. ಶಾಲೆಗೆ ಹೋಗುತ್ತಿದ್ದರು, ಆಡುತ್ತಿದ್ದರು. ಅಳೆಯದೆ ಇದ್ದಿದ್ದರೆ ಯಾರಿಗೂ ತಿಳಿಯುತ್ತಿರಲಿಲ್ಲ.

ಮೈಸೂರಿನಿಂದ ಇಂಡಿಯ ಸೀಮೆಗೆ ಮರಳೋಣ. ನಿಮ್ಮ ಮಗುವಿನ ಒತ್ತಡ ಒಮ್ಮೆ ಹೆಚ್ಚೆಂದು ಬಂದರೆ ಗಾಬರಿಯಾಗಬೇಡಿರಿ. ಡಾಕ್ಟರರನ್ನು ಕಂಡು ಹೆದರಿದ ಮಗುವಿನ ಒತ್ತಡ ಏರುವುದು ಸಹಜ. ಮಗುವನ್ನು ಮೂರರಿಂದ ಐದು ನಿಮಿಷ ಸುಮ್ಮನೆ ಕೂರಿಸಿ, ಬೆನ್ನಿಗೆ ಆಸರೆ ಕೊಟ್ಟು, ಬಲತೋಳನ್ನು ಹೃದಯದ ಮಟ್ಟದಲ್ಲಿರಿಸಿ ಅಳೆಯಬೇಕು. ಬೇರೆ ಬೇರೆ ಮೂರು ಭೇಟಿಗಳಲ್ಲಿಯೂ ಹೆಚ್ಚಾಗಿದ್ದರೆ ಮಾತ್ರ ಅದನ್ನು ಅಧಿಕ ರಕ್ತದೊತ್ತಡವೆನ್ನುತ್ತಾರೆ. ಆದರೆ ಮುಖ ಬಾತ, ತಲೆನೋವಿನಿಂದ ನರಳುವ, ಕಣ್ಣು ಮಂಜಾದ ಅಥವಾ ಫಿಟ್ಸ್ ಬಂದ ಮಗುವಿಗೆ ಈ ಕಾಯುವಿಕೆ ಅನ್ವಯಿಸದು. ಅಂಥ ಮಗುವನ್ನು ಆ ಕ್ಷಣವೇ ಆಸ್ಪತ್ರೆಗೆ ಸೇರಿಸಬೇಕು. ಅಲ್ಲಿಯೂ ಒತ್ತಡವನ್ನು ಒಮ್ಮೆಲೇ ಇಳಿಸದೆ ಗಂಟೆಗಳ ಲೆಕ್ಕದಲ್ಲಿ ನಿಧಾನವಾಗಿ ಇಳಿಸುತ್ತಾರೆ, ಇಲ್ಲವಾದರೆ ಮೆದುಳಿಗೆ ರಕ್ತ ಸಾಲದೆ ಹಾನಿಯಾದೀತು.

ಆಮೇಲೆ ಕಾರಣದ ಹುಡುಕಾಟ. ದೊಡ್ಡವರಲ್ಲಿ ಬಹುಮಟ್ಟಿಗೆ ನಿರ್ದಿಷ್ಟ ಕಾರಣ ಸಿಗುವುದಿಲ್ಲ. ಎಳೆಯ ಮಕ್ಕಳಲ್ಲಿ ಹೆಚ್ಚಾಗಿ ಸಿಗುತ್ತದೆ, ಮತ್ತು ಅದು ಬಹುಪಾಲು ಮೂತ್ರಪಿಂಡದಲ್ಲಿ ಅಥವಾ ಅದರ ರಕ್ತನಾಳದಲ್ಲಿ. ಮೂತ್ರದ ಪರೀಕ್ಷೆ, ರಕ್ತದಲ್ಲಿ ಕ್ರಿಯಾಟಿನಿನ್, ಹೊಟ್ಟೆಯ ಸ್ಕ್ಯಾನಿಂಗ್, ಹೃದಯದ ಎಕೋ ಇವು ಮೊದಲ ಮೆಟ್ಟಿಲು. ತೊಡೆಯ ಸಂದಿಯ ನಾಡಿಯನ್ನು ಬೆರಳಿನಿಂದ ಮುಟ್ಟಿ ನೋಡುವುದಕ್ಕೆ ದುಡ್ಡೇನೂ ಬೇಡ. ಆದರೂ ಅದು ಮರೆತುಹೋಗುತ್ತದೆ. ಕೈಯಲ್ಲಿ ಬಲವಾಗಿದ್ದ ನಾಡಿ ಅಲ್ಲಿ ಕ್ಷೀಣವಾಗಿದ್ದರೆ ಮಹಾಪಧಮನಿ ಹುಟ್ಟಿನಿಂದಲೇ ಒಂದೆಡೆ ಕಿರಿದಾಗಿದೆಯೆಂದು ಸಂಶಯಪಡಬೇಕು. ಈ ದೋಷವನ್ನು 1944ರ ಅಕ್ಟೋಬರಿನಲ್ಲಿ ಸ್ವೀಡನ್ನಿನ ಕ್ಲಾರೆನ್ಸ್ ಕ್ರಾಫೋರ್ಡ್ ಅವರು ಒಬ್ಬ ಬಾಲಕನಲ್ಲಿ ಮೊದಲ ಬಾರಿಗೆ ಶಸ್ತ್ರಚಿಕಿತ್ಸೆಯಿಂದ ಸರಿಪಡಿಸಿದರು. ಅಂದಿನಿಂದ ಮಕ್ಕಳ ರಕ್ತದೊತ್ತಡದಲ್ಲಿ ಗುಣಪಡಿಸಬಹುದಾದ ಒಂದು ಬಗೆಯೂ ಉಂಟೆಂದಾಯಿತು.

ಔಷಧದ ಚರಿತ್ರೆಯಲ್ಲಿ ನಮ್ಮ ದೇಶದ ಪಾಲು ಚಿಕ್ಕದಲ್ಲ. ಸರ್ಪಗಂಧಿಯ ಬೇರಿಗೆ ರಕ್ತದೊತ್ತಡ ಇಳಿಸುವ ಗುಣವಿದೆಯೆಂದು 1931ರಲ್ಲಿ ಗಣನಾಥ ಸೇನ್ ಮತ್ತು ಕಾರ್ತಿಕಚಂದ್ರ ಬೋಸ್ ಬರೆದರು. 1949ರಲ್ಲಿ ಮುಂಬಯಿಯ ರುಸ್ತುಂ ಜಾಲ್ ವಕೀಲ್ ಅವರು 50 ರೋಗಿಗಳ ಅನುಭವವನ್ನು ಬ್ರಿಟಿಷ್ ಪತ್ರಿಕೆಯಲ್ಲಿ ಪ್ರಕಟಿಸಿ ಲೋಕದ ಗಮನ ಸೆಳೆದರು. 1952ರಲ್ಲಿ ಆ ಬೇರಿನಿಂದ ರೆಸರ್ಪಿನ್ ಬೇರ್ಪಟ್ಟಿತು. ನೆಫ್ರೈಟಿಸ್‌ನಿಂದ ಒತ್ತಡ ಏರಿದ ಮಕ್ಕಳಿಗೂ ಕೆಲವು ಕಾಲ ಅದನ್ನು ಕೊಟ್ಟರು. ಅದು ಮಂಪರನ್ನೂ ಖಿನ್ನತೆಯನ್ನೂ ತರುತ್ತಿತ್ತು. ಇಂದು ಎನಲಾಪ್ರಿಲ್, ಅಮ್ಲೋಡಿಪಿನ್‌ಗಳು ಅದರ ಸ್ಥಾನದಲ್ಲಿವೆ. ಅಜ್ಜನ ಡಬ್ಬಿಯಲ್ಲಿರುವುದೂ ಇದೇ ಅಮ್ಲೋಡಿಪಿನ್ ಅಲ್ಲವೇ ಎಂದು ಮಗುವಿಗೆ ಅರ್ಧ ಮಾತ್ರೆ ಮುರಿದು ಕೊಡುವವರಿದ್ದಾರೆ! ಮಗುವಿನ ಪ್ರಮಾಣ ತೂಕದ ಮೇಲೆ ನಿರ್ಧಾರವಾಗುತ್ತದೆ. ಕಾರಣ ತಿಳಿಯದೆ ಕೊಟ್ಟ ಮಾತ್ರೆ ರೋಗವನ್ನು ಮುಚ್ಚುತ್ತದೆ.

ಎಲ್ಲ ಮಕ್ಕಳಿಗೂ ಮಾತ್ರೆ ಬೇಕಾಗುವುದಿಲ್ಲ. ಹದಿಹರೆಯದ, ಮೈ ಬೆಳೆದ ಮಕ್ಕಳಲ್ಲಿ ಆಟ, ನಿದ್ರೆ, ತೂಕ, ಉಪ್ಪು ಇವುಗಳ ತಿದ್ದುಪಾಟಿನಿಂದಲೇ ಆರಂಭಿಸುತ್ತಾರೆ. ಉಪ್ಪಿನ ವಿಷಯದಲ್ಲಿ ಇಂಡಿ ಸೀಮೆಯ ಅಡುಗೆಯನ್ನು ನಾನು ದೂರಲಾರೆ. ಜೋಳದ ರೊಟ್ಟಿಗೆ ಸಾಮಾನ್ಯವಾಗಿ ಉಪ್ಪನ್ನೇ ಹಾಕುವುದಿಲ್ಲ. ಅದಕ್ಕಿಂತ ಒಳ್ಳೆಯ ಊಟ ಈ ಮಕ್ಕಳಿಗೆ ಸಿಗುವುದು ಕಷ್ಟ. ರೊಟ್ಟಿಯ ಮಗ್ಗುಲಿಗೆ ಬರುವ ನಿಂಬೆಕಾಯಿ ಉಪ್ಪಿನಕಾಯಿಯೂ ಶೇಂಗಾ ಹಿಂಡಿಯೂ ಬೆರಳ ತುದಿಯಷ್ಟಿದ್ದರೆ ಸಾಕು. ಇಂಡಿಯ ನಿಂಬೆಗೆ 2023ರಲ್ಲಿ ಭೌಗೋಳಿಕ ಗುರುತಿನ ಮಾನ್ಯತೆ ದೊರೆತದ್ದು ಹೆಮ್ಮೆಯ ಸಂಗತಿಯೇ. ಹಸಿ ನಿಂಬೆಯ ಹುಳಿ ಹಿಂಡಿದರೆ ಉಪ್ಪು ಕಡಿಮೆಯಾದದ್ದು ನಾಲಿಗೆಗೆ ಅಷ್ಟಾಗಿ ತಿಳಿಯುವುದಿಲ್ಲವೆಂಬುದು ಅಡುಗೆಮನೆಯವರಿಗೆ ಗೊತ್ತು. ನಿಜವಾದ ಆತಂಕ ಶಾಲೆಯ ಮುಂದಿನ ಅಂಗಡಿಯಲ್ಲಿ ತೂಗಾಡುವ ಐದು ರೂಪಾಯಿಯ ಖಾರದ ಪಾಕೀಟುಗಳದು. ಅವು ಹೊಳೆದಂಡೆಯ ಊರುಗಳನ್ನೂ ಎಂದೋ ತಲುಪಿವೆ.

2013ರಲ್ಲಿ ಆರಂಭವಾದ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮದಡಿ ವೈದ್ಯರ ತಂಡವು ಅಂಗನವಾಡಿಗೂ ಸರ್ಕಾರಿ ಶಾಲೆಗೂ ಬಂದು ಮಕ್ಕಳನ್ನು ಪರೀಕ್ಷಿಸುವ ವ್ಯವಸ್ಥೆಯಿದೆ. ತಂಡ ಬಂದ ದಿನ ಮಗುವನ್ನು ಶಾಲೆಗೆ ತಪ್ಪಿಸಬೇಡಿರಿ. ತೋಳಿಗೆ ಪಟ್ಟಿ ಕಟ್ಟಿದರೇ, ಅದು ಚಿಕ್ಕ ಪಟ್ಟಿಯೇ ಎಂದು ಕೇಳಿರಿ. ಮೂರು ವರ್ಷ ತುಂಬಿದ ಮಗುವಿಗೆ ವರ್ಷಕ್ಕೊಮ್ಮೆ ಈ ಅಳತೆ ಆಗಬೇಕೆಂಬುದು ತಜ್ಞರ ಸಲಹೆ. ಮೂತ್ರಪಿಂಡದ ತೊಂದರೆಯಿದ್ದ, ದಿನ ತುಂಬದೆ ಹುಟ್ಟಿದ ಮಕ್ಕಳಿಗೆ ಮೂರು ವರ್ಷ ಕಾಯುವುದೂ ಬೇಡ. ಹೆಚ್ಚಿನ ಪರೀಕ್ಷೆಗೆ ಇಂಡಿಯಿಂದ ವಿಜಯಪುರದ ಜಿಲ್ಲಾ ಆಸ್ಪತ್ರೆಯಿದೆ, ವೈದ್ಯಕೀಯ ಕಾಲೇಜಿದೆ. ಕಠಿಣ ಪ್ರಸಂಗಗಳಿಗೆ ಬೆಂಗಳೂರಿನ ಸಂತ ಜಾನ್ ವೈದ್ಯಕೀಯ ಕಾಲೇಜು ಆಸ್ಪತ್ರೆಯಲ್ಲಿ ಮಕ್ಕಳ ಮೂತ್ರಪಿಂಡಕ್ಕೆಂದೇ ಪ್ರತ್ಯೇಕ ವಿಭಾಗವಿದೆ.

ಬಂದ ಅಂಕಿಯನ್ನು ಚುಚ್ಚುಮದ್ದಿನ ಕಾರ್ಡಿನ ಹಿಂಬದಿಯಲ್ಲಿಯೇ ಬರೆದಿಡಿರಿ: ದಿನಾಂಕ, ಎತ್ತರ, ತೂಕ, ಯಾವ ತೋಳು, ಎಷ್ಟು ಬಂತು. ಮೈಸೂರಿನ ಆ ಶುಶ್ರೂಷಕಿಯರ ಪುಸ್ತಕದಲ್ಲಿ ಇದ್ದದ್ದೂ ಇಂಥವೇ ನಾಲ್ಕಾರು ಅಂಕಿಗಳು.